ಬೆಳಿಗ್ಗೆಯೇ ಹೇಳಿಬಿಡಬೇಕು

ಅವರ ಹೆಸರು ಬರೆಯುವುದಿಲ್ಲ. ಬರೆದರೆ ನೀವು ಫೋನ್ ತೆಗೆದು ಹುಡುಕುತ್ತೀರಿ, ಹುಡುಕಿದರೆ ಒಂದು ಉದ್ದನೆಯ ಕೋಷ್ಟಕ ಸಿಗುತ್ತದೆ. ಎಷ್ಟು ಪಂದ್ಯ ಆಡಿದರು, ಎಷ್ಟು ಸಲ ಔಟಾದರು, ಮ್ಯಾನೇಜರ್ ಆಗಿ ಎಷ್ಟು ಗೆದ್ದರು, ಎಷ್ಟು ಸೋತರು. ಬೇಸ್‌ಬಾಲ್‌ನವರಿಗೆ ಅಂಕಿಸಂಖ್ಯೆಯ ಹುಚ್ಚು ವಿಪರೀತ. ಅವರು ತೀರಿಕೊಂಡ ವಾರ ನಾನೂ ಆ ಕೋಷ್ಟಕವನ್ನು ತೆಗೆದು ಮೇಲಿನಿಂದ ಕೆಳಗಿನವರೆಗೆ ಓದಿದೆ. ಅದರಲ್ಲಿ ಅವರು ಎಲ್ಲೂ ಇರಲಿಲ್ಲ. ಸಿಟ್ಟು ಬಂದು ಫೋನನ್ನು ಸೋಫಾದ ಮೇಲೆ ಎಸೆದೆ.

ನಾವೆಲ್ಲ ಅವರನ್ನು ಸ್ಕಿಪ್ ಎನ್ನುತ್ತಿದ್ದೆವು. ಅದು ಅವರ ಹೆಸರಲ್ಲ. ಬೇಸ್‌ಬಾಲ್ ತಂಡದ ಮ್ಯಾನೇಜರನನ್ನು ಆಟಗಾರರು ಕರೆಯುವುದೇ ಹಾಗೆ. ಸಾಲಿ ಬಿಟ್ಟು ಎಷ್ಟು ವರ್ಷವಾದರೂ ನಮ್ಮ ಕಡೆ ಮಾಸ್ತರರು ಮಾಸ್ತರರೇ ಆಗಿರುತ್ತಾರಲ್ಲ, ಇದೂ ಹಾಗೆಯೇ. ಅವರು ತಂಡ ನಡೆಸುವುದನ್ನು ಬಿಟ್ಟು ರೇಡಿಯೋಗೆ ಬಂದು ಕಾಮೆಂಟರಿ ಹೇಳತೊಡಗಿ ಬಹಳ ಕಾಲವಾಗಿದ್ದರೂ ಕಾಫಿ ಅಂಗಡಿಯ ಹುಡುಗಿ ಕೂಡ ಲೋಟದ ಮೇಲೆ ಸ್ಕಿಪ್ ಎಂದೇ ಬರೆಯುತ್ತಿದ್ದಳು.

ನಾನು ಹುಬ್ಬಳ್ಳಿಯವಳು. ಎಲೆಕ್ಟ್ರಾನಿಕ್ಸ್ ಓದಿದವಳು. ಗಂಡನ ಜೊತೆ ಕೆನಡಾಕ್ಕೆ ಬಂದು, ಮಿಲ್ಟನ್ನಿನಲ್ಲಿ ಮನೆ ಮಾಡಿ, ಟೊರಾಂಟೊದ ಒಂದು ಸ್ಪೋರ್ಟ್ಸ್ ರೇಡಿಯೋದಲ್ಲಿ ಸೌಂಡ್ ನೋಡಿಕೊಳ್ಳುವ ಕೆಲಸಕ್ಕೆ ಸೇರಿದಾಗ ಬೇಸ್‌ಬಾಲ್ ಅಂದರೆ ಚಿನ್ನಿದಾಂಡಿನ ಶ್ರೀಮಂತ ದಾಯಾದಿ ಎಂಬಷ್ಟೇ ನನ್ನ ತಿಳಿವಳಿಕೆ. ಕೆಲಸಕ್ಕೆ ಅದು ಸಾಕಾಗಿತ್ತು. ಕಿವಿ ನೆಟ್ಟಗಿದ್ದರೆ ಆಯಿತು.

ಆ ಕಿವಿಯಿಂದಲೇ ನಮ್ಮ ಪರಿಚಯವಾದದ್ದು. ಮೊದಲನೆಯ ದಿನ ಹೆಡ್‌ಫೋನಿನಲ್ಲಿ ಕಟಕ್ ಕಟಕ್ ಎಂಬ ಸದ್ದು. ಕೇಬಲ್ ಸಡಿಲವಾಗಿದೆ ಎಂದುಕೊಂಡು ಎಲ್ಲ ಪ್ಲಗ್ಗುಗಳನ್ನೂ ಕಿತ್ತು ಮತ್ತೆ ಚುಚ್ಚಿದೆ. ಸದ್ದು ಹೋಗಲಿಲ್ಲ. ಕೊನೆಗೆ ಗಾಜಿನಾಚೆ ನೋಡಿದರೆ, ಮಹಾರಾಯರು ಮೈಕಿನ ಮುಂದೆ ಸೂರ್ಯಕಾಂತಿ ಬೀಜ ಒಡೆದು ತಿನ್ನುತ್ತ, ಸಿಪ್ಪೆಯನ್ನು ಪೇಪರ್ ಲೋಟಕ್ಕೆ ಉಗಿಯುತ್ತ ಕೂತಿದ್ದಾರೆ. ಬೇಸ್‌ಬಾಲ್‌ನವರ ಚಟವದು. ನಮ್ಮ ಕಡೆ ಆ ಬೀಜದಿಂದ ಎಣ್ಣೆ ತೆಗೆಯುತ್ತಾರೆಯೇ ಹೊರತು ಗಿಳಿಯ ಹಾಗೆ ಕೂತು ಒಡೆಯುವುದನ್ನು ನಾನು ಕಂಡವಳಲ್ಲ. ಒಳಗೆ ಹೋಗಿ ಲೋಟ ಎತ್ತಿಕೊಂಡು ಬಂದೆ. ಜೊತೆಗೆ ಕಾಮೆಂಟರಿ ಹೇಳುತ್ತಿದ್ದ ಹುಡುಗನ ಮುಖ ಬಿಳುಚಿತು, ಯಾಕೆಂದರೆ ಅವರು ದೊಡ್ಡ ಮನುಷ್ಯ, ನಾನು ನಿನ್ನೆ ಬಂದವಳು. ಬ್ರೇಕ್ ಬಂದಾಗ ಅವರು ಎದ್ದು ಬಂದರು. ಬೈಸಿಕೊಳ್ಳಲು ತಯಾರಾಗಿ ನಿಂತೆ. “ಇಷ್ಟು ವರ್ಷ ಯಾರೂ ಹೇಳಲೇ ಇಲ್ಲ. ಥ್ಯಾಂಕ್ಯೂ, ಕಿಡ್” ಎಂದರು. ನನಗೆ ಆಗ ನಲವತ್ತು ದಾಟಿತ್ತು, ಎತ್ತರಕ್ಕೆ ಬೆಳೆದ ಮಗಳಿದ್ದಳು. ಆದರೂ ಅವರ ಪಾಲಿಗೆ ಕೊನೆಯ ತನಕ ನಾನು ಕಿಡ್ ಆಗಿಯೇ ಉಳಿದೆ.

ಆ ಕಾಲಕ್ಕೆ ಹೊರಗಿನ ಊರಿನ ಪಂದ್ಯಗಳಿಗೆ ಕಾಮೆಂಟರಿಯವರನ್ನು ಕಳಿಸುವುದನ್ನು ಕಂಪನಿ ನಿಲ್ಲಿಸಿಬಿಟ್ಟಿತ್ತು. ಪಂದ್ಯ ಅಮೆರಿಕದ ಯಾವುದೋ ಊರಲ್ಲಿ ನಡೆಯುತ್ತಿತ್ತು. ನಾವು ಟೊರಾಂಟೊದ ಕಿಟಕಿಯಿಲ್ಲದ ಕೋಣೆಯಲ್ಲಿ ಟೀವಿ ನೋಡಿಕೊಂಡು ಅದನ್ನು ಹೇಳುತ್ತಿದ್ದೆವು. ಜನರ ಗದ್ದಲವನ್ನು ನಾನು ಏರಿಸುತ್ತ ಇಳಿಸುತ್ತ ಇರುತ್ತಿದ್ದೆ. ಕೇಳುವವರಿಗೆ ನಾವು ಮೈದಾನದಲ್ಲೇ ಕೂತಿದ್ದೇವೆ ಅನಿಸಬೇಕು. ಜೊತೆಯ ಹುಡುಗ, “ಇಲ್ಲಿ ಸಂಜೆ ಎಷ್ಟು ಹಿತವಾಗಿದೆ” ಎಂದು ಸಲೀಸಾಗಿ ಬಿಡುತ್ತಿದ್ದ. ಸ್ಕಿಪ್ ಒಮ್ಮೆಯೂ ಹಾಗೆ ಅನ್ನಲಿಲ್ಲ. “ಅಲ್ಲಿ ಗಾಳಿ ಇದೆ ಅಂತ ಕಾಣುತ್ತೆ, ಬಾವುಟ ಹಾರಾಡ್ತಾ ಇದೆ” ಎನ್ನುತ್ತಿದ್ದರು. ಮೇಲಿನವರು ಎರಡು ಸಲ ಕರೆದು ಹೇಳಿದರು. ಇವರು ತಲೆಯಾಡಿಸಿ ಬಂದು ಮತ್ತೆ ಬಾವುಟ ನೋಡಿದರು.

ಟೀವಿಯಲ್ಲೂ ಅವರು ನೋಡುವುದು ಬೇರೆಯೇ ಜಾಗ. ನಾವೆಲ್ಲ ಚೆಂಡಿನ ಹಿಂದೆ ಹೋದರೆ ಅವರು ಚಿತ್ರದ ಮೂಲೆಯಲ್ಲಿ ಆಟಗಾರರು ಕೂರುವ ಬೆಂಚನ್ನು ನೋಡುತ್ತಿದ್ದರು. ಯಾರನ್ನಾದರೂ ಆಟದ ಮಧ್ಯೆ ಹೊರಗೆ ಕರೆದುಕೊಂಡರೆ ಅವನು ಎಲ್ಲಿ ಹೋಗಿ ಕೂತ, ಅವನ ಪಕ್ಕ ಯಾರು ಬಂದು ಕೂತರು ಎಂಬುದೇ ಅವರಿಗೆ ಮುಖ್ಯ. ಯಾರೂ ಬರದಿದ್ದರೆ ಚಡಪಡಿಸುತ್ತಿದ್ದರು. ಮೈಕ್ ಮುಚ್ಚಿ, “ಯಾರಾದರೂ ಹೋಗ್ರಪ್ಪಾ” ಎಂದು ಟೀವಿಗೆ ಹೇಳುತ್ತಿದ್ದರು.

ಅವರು ಹುಟ್ಟಿದ್ದು ಇಟಲಿಯಿಂದ ಬಂದ ಕುಟುಂಬದಲ್ಲಿ. ಟೊರಾಂಟೊ ಪಕ್ಕದ ವುಡ್‌ಬ್ರಿಡ್ಜ್‌ನಲ್ಲಿ ತಾಯಿ ಬಿಟ್ಟುಹೋದ ಮನೆಯಲ್ಲಿ, ಗಂಡ ತೀರಿಕೊಂಡ ತಂಗಿಯ ಜೊತೆ ಇದ್ದರು. ಮದುವೆ ಎಂದೋ ಮುರಿದಿತ್ತು, ಮಕ್ಕಳಿಲ್ಲ. ಆಟಗಾರನಾಗಿ ದೊಡ್ಡ ಲೀಗಿನಲ್ಲಿ ಇದ್ದದ್ದು ಕೆಲವೇ ವಾರ. “ಒಂದು ಕಪ್ ಕಾಫಿ ಕುಡಿಯುವಷ್ಟು ಹೊತ್ತು” ಎಂದು ನಗುತ್ತಿದ್ದರು. ಆ ಕಾಫಿ ಹೇಗೆ ಮುಗಿಯಿತು ಎಂಬುದನ್ನು ಮಾತ್ರ ನಗದೇ ಹೇಳಿದರು. ಹಗಲಿನ ಪಂದ್ಯ ಮುಗಿದ ದಿನ ಅವರನ್ನು ನಾನೇ ಕಾರಲ್ಲಿ ಮನೆಗೆ ಬಿಡುತ್ತಿದ್ದೆ. ನನ್ನ ದಾರಿಗೆ ಅದು ಸುತ್ತು, ಆದರೆ 401 ಹೆದ್ದಾರಿಯಲ್ಲಿ ಒಬ್ಬಳೇ ಕೂತು ಮುಂದಿನ ಟ್ರಕ್ಕಿನ ಬೆನ್ನು ನೋಡುವುದಕ್ಕಿಂತ ವಾಸಿ. ಅಂಥದ್ದೊಂದು ಮಧ್ಯಾಹ್ನ ಹೇಳಿದ್ದು ಅದು. ಒಂದು ದಿನ ಎಂದಿನಂತೆ ಆಟಕ್ಕೆ ಹೋಗಿ ತಮ್ಮ ಕಪಾಟಿನ ಮುಂದೆ ನಿಂತರೆ ಒಳಗೆ ಬೇರೆಯವನ ಅಂಗಿ ತೂಗುಹಾಕಿತ್ತಂತೆ. ಯಾರೂ ಏನೂ ಹೇಳಲಿಲ್ಲ. ಸಾಮಾನು ನೋಡಿಕೊಳ್ಳುವವನು ನೆಲ ನೋಡುತ್ತ ನಿಂತಿದ್ದನಂತೆ. ಇವರ ಬೂಟು, ಗ್ಲವ್ ಎಲ್ಲ ಒಂದು ಕಸದ ಚೀಲದಲ್ಲಿ ಬಾಗಿಲ ಹತ್ತಿರ ಇದ್ದವು.

ಅದಾದ ಮೇಲೆ ಚಿಕ್ಕ ಊರುಗಳ ಚಿಕ್ಕ ಲೀಗುಗಳಲ್ಲಿ ಮ್ಯಾನೇಜರ್ ಆದರು. ಜೀವಮಾನದ ಅರ್ಧ ಬಸ್ಸಿನಲ್ಲೇ ಕಳೆಯಿತು. ಚಿಕ್ಕ ಲೀಗಿನ ಮ್ಯಾನೇಜರನ ಕೆಲಸ ಗೆಲ್ಲಿಸುವುದು ಎಂದು ನಾನು ತಿಳಿದಿದ್ದೆ. ಅಲ್ಲವಂತೆ. ಇಪ್ಪತ್ತೈದು ಹುಡುಗರಲ್ಲಿ ಮೇಲೆ ಹೋಗುವವರು ಒಬ್ಬರೋ ಇಬ್ಬರೋ. ಉಳಿದವರಿಗೆ ಒಂದಲ್ಲ ಒಂದು ದಿನ, ಮಗನೇ, ಇನ್ನು ಸಾಕು, ಮನೆಗೆ ಹೋಗು ಎಂದು ಹೇಳಬೇಕು. ಅದು ಕೆಲಸ. ಇವರು ಅದಕ್ಕೊಂದು ಪದ್ಧತಿಯನ್ನೇ ಮಾಡಿಕೊಂಡಿದ್ದರು.

“ಬೆಳಿಗ್ಗೆಯೇ ಹೇಳಿಬಿಡಬೇಕು, ಕಿಡ್. ಯೂನಿಫಾರ್ಮ್ ಹಾಕಿಕೊಳ್ಳುವ ಮೊದಲು. ಹಾಕಿಕೊಂಡ ಮೇಲೆ ಬಿಚ್ಚಿಸಬಾರದು. ಮೊದಲನೇ ಮಾತಲ್ಲೇ ಹೇಳಬೇಕು. ಎದುರಿಗೆ ಕೂರಬಾರದು, ಪಕ್ಕದಲ್ಲಿ ಕೂರಬೇಕು. ಕಂಪನಿ ಹೆಸರು, ತಂಡದ ಹೆಸರು ತರಬಾರದು, ಹೇಳುವವನು ‘ನಾನು’ ಅಂತಲೇ ಹೇಳಬೇಕು. ಸುಳ್ಳು ಆಸೆ ಕೊಡಬಾರದು. ಅವನು ಏಳುವವರೆಗೆ ನಾವು ಏಳಬಾರದು.”

ಆಮೇಲೆ ಹುಡುಗನ ತಾಯಿಗೆ ಇವರೇ ಫೋನ್ ಮಾಡುತ್ತಿದ್ದರು, ಮನೆಯಲ್ಲಿ ಆ ಮಾತು ಹೇಳುವ ಕಷ್ಟ ಹುಡುಗನಿಗೆ ಬೇಡ ಎಂದು. ಅಮೆರಿಕದ ದಕ್ಷಿಣಕ್ಕಿರುವ ದೇಶಗಳಿಂದ ಬಂದ ಹುಡುಗರು ಬಹಳ ಇರುತ್ತಿದ್ದರು, ಅವರ ತಾಯಂದಿರಿಗೆ ಇಂಗ್ಲಿಷ್ ಬಾರದು. ಅದಕ್ಕಾಗಿ ಸ್ಪ್ಯಾನಿಷ್ ಕಲಿತರು. ಪೂರ್ತಿ ಅಲ್ಲ, ಅಷ್ಟಕ್ಕೆ ಬೇಕಾದಷ್ಟು. ನಿಮ್ಮ ಮಗ ಒಳ್ಳೆಯವನು. ಮನೆಗೆ ಬರುತ್ತಿದ್ದಾನೆ. ಏನೂ ಕೇಳಬೇಡಿ, ಊಟಕ್ಕೆ ಹಾಕಿ. ಕಾರಿನಲ್ಲಿ ಅದನ್ನು ಸ್ಪ್ಯಾನಿಷ್‌ನಲ್ಲೇ ಹೇಳಿ ತೋರಿಸಿದರು. ನನಗೆ ಆ ಭಾಷೆ ಗೊತ್ತಿಲ್ಲ. ಆದರೂ ಕಣ್ಣಲ್ಲಿ ನೀರು ಬಂದು ಮುಂದಿನ ಟ್ರಕ್ಕು ಎರಡೆರಡಾಗಿ ಕಂಡಿತು.

ಒಂದು ಬೇಸಿಗೆ ಅವರನ್ನು ನಮ್ಮ ಕನ್ನಡದವರ ಪಿಕ್ನಿಕ್ಕಿಗೆ ಕರೆದೆ. ಬಿಸಿಬೇಳೆಬಾತು, ಹೋಳಿಗೆ, ಆಮೇಲೆ ಬೆಂಗಳೂರಿನ ಸಾಫ್ಟ್‌ವೇರಿನವರಿಗೂ ಮೈಸೂರಿನ ಸಾಫ್ಟ್‌ವೇರಿನವರಿಗೂ ಟೆನಿಸ್ ಬಾಲ್ ಕ್ರಿಕೆಟ್. ನಮ್ಮ ಮನೆಯವರೂ ಆಡಿದರು. ಸ್ಕಿಪ್ ಮಡಿಸುವ ಕುರ್ಚಿಯಲ್ಲಿ ಕೂತು ನೋಡುತ್ತಿದ್ದರು. ಮೊದಲನೆಯವನು ಬೌಲ್ಡಾಗಿ ಬ್ಯಾಟು ಎಳೆದುಕೊಂಡು ಬರುವಾಗ ನನ್ನನ್ನು ಕೇಳಿದರು, “ಇಷ್ಟು ದೂರ ಅವನು ಒಬ್ಬನೇ ನಡೀಬೇಕಾ?”

“ಹೌದು. ಔಟಾದವನು ಒಬ್ಬನೇ ಬರೋದು.”

“ಯಾರೂ ಕರೆದುಕೊಂಡು ಬರಲ್ವಾ?”

ಬೇಸ್‌ಬಾಲ್‌ನಲ್ಲಿ ಬೌಲರನನ್ನು ತೆಗೆಯಬೇಕಾದಾಗ ಮ್ಯಾನೇಜರ್ ತಾನೇ ಮೈದಾನದ ನಡುವಿಗೆ ನಡೆದು ಹೋಗಿ ಅವನ ಕೈಯಿಂದ ಚೆಂಡು ಈಸಿಕೊಳ್ಳಬೇಕು, ಕೂಗಿ ಕರೆಯುವ ಹಾಗಿಲ್ಲ. ಆ ಅಭ್ಯಾಸವೋ ಏನೋ, ಮುಂದಿನ ವಿಕೆಟ್ ಬಿದ್ದಾಗ ಇವರು ಕುರ್ಚಿಯಿಂದ ಎದ್ದು ಮೈದಾನದೊಳಕ್ಕೆ ನಡೆದೇಬಿಟ್ಟರು. ಔಟಾದವನ ಭುಜದ ಮೇಲೆ ಕೈಹಾಕಿ, ಮರದ ನೆರಳಿನ ತನಕ ಕರೆತಂದರು. ಎಲ್ಲರೂ ನಕ್ಕರು. ನನಗೆ ನಾಚಿಕೆಯಾಯಿತು. ಮೂರನೆಯವನಿಗೂ ಹೋದರು, ನಾಲ್ಕನೆಯವನಿಗೂ ಹೋದರು. ಅಷ್ಟು ಹೊತ್ತಿಗೆ ನಗು ನಿಂತಿತ್ತು. ನಮ್ಮ ಮನೆಯವರು ಸೊನ್ನೆಗೆ ಔಟಾಗಿ ಬಂದರು, ಸ್ಕಿಪ್ಪರ ಕೈ ಹೆಗಲ ಮೇಲಿತ್ತು. ಮನೆಗೆ ಬರುವಾಗ ಕಾರಲ್ಲಿ ನನ್ನ ಗಂಡ, “ಏನ ಅನ್ನು, ಹಂಗ ಬರೋದು ಛಲೋ ಅನಸ್ತು ನೋಡು” ಎಂದರು.

ರೇಡಿಯೋದಲ್ಲಿ ಪಂದ್ಯ ಮುಗಿದ ಮೇಲೆ ಕೇಳುಗರು ಫೋನ್ ಮಾಡುವ ಕಾರ್ಯಕ್ರಮ ಇರುತ್ತಿತ್ತು. ವಿಮಾನ ನಿಲ್ದಾಣದ ಪಕ್ಕದ ಮಾಲ್ಟನ್ನಿನಿಂದ, ನಾಲ್ಕು ಟ್ರಕ್ ಇಟ್ಟುಕೊಂಡು ತಾನೂ ಓಡಿಸುವ ಒಬ್ಬ ಡ್ರೈವರ್ ತಪ್ಪದೆ ಫೋನ್ ಮಾಡುತ್ತಿದ್ದ. ಪಂಜಾಬಿ. “ಸ್ಕಿಪ್ ಜೀ” ಎಂದೇ ಶುರು. ಇವರು ಅವನನ್ನು ಪಾಜಿ, ಅಂದರೆ ಅಣ್ಣ, ಎನ್ನುತ್ತಿದ್ದರು. ತಂಡ ಸೋತ ದಿನವೆಲ್ಲ, ಮ್ಯಾನೇಜರನನ್ನು ಕಿತ್ತುಹಾಕಬೇಕು ಎಂದು ಅವನ ಒತ್ತಾಯ. ಜೊತೆಯ ಹುಡುಗ ಅಂಥ ಮಾತಿಗೆ ತುಪ್ಪ ಸುರಿಯುವವನು, ಅದೇ ಅವನ ಹೊಟ್ಟೆಪಾಡು. ಒಂದು ದಿನ ಸ್ಕಿಪ್ ಕೇಳಿದರು, “ಪಾಜಿ, ನೀವು ಯಾರನ್ನಾದರೂ ಕೆಲಸದಿಂದ ತೆಗೆದಿದ್ದೀರಾ?” ಆ ಕಡೆ ಸದ್ದಿಲ್ಲ. ರೇಡಿಯೋದಲ್ಲಿ ಸದ್ದಿಲ್ಲ ಅಂದರೆ ನನ್ನ ಕೈ ತಾನಾಗಿ ಜಾಹೀರಾತಿನ ಗುಂಡಿಯ ಮೇಲೆ ಹೋಗುತ್ತದೆ. ಸ್ಕಿಪ್ ಗಾಜಿನಾಚೆಯಿಂದ ಬೇಡ ಎಂದು ತಲೆಯಾಡಿಸಿದರು. ಆಮೇಲೆ ಪಾಜಿ ಮೆಲ್ಲಗೆ ಹೇಳಿದ, ಲೈಸೆನ್ಸ್ ಇಲ್ಲದೆ ಗಾಡಿ ಓಡಿಸಿದ್ದಕ್ಕೆ ತನ್ನ ಸ್ವಂತ ಭಾಮೈದನನ್ನು ತೆಗೆಯಬೇಕಾಯಿತೆಂದು, ಅವತ್ತಿನಿಂದ ಹೆಂಡತಿಯೂ ಅವಳ ತಮ್ಮನೂ ತನ್ನ ಜೊತೆ ಮಾತು ಬಿಟ್ಟಿದ್ದಾರೆಂದು. ಅಂದಿನಿಂದ ಅವನು ಫೋನ್ ಮಾಡಿದರೆ ಹವಾಮಾನ, ಟ್ರಾಫಿಕ್ಕು, ಆಮೇಲೆ ಆಟ. ಕಿತ್ತುಹಾಕುವ ಮಾತು ಬರಲಿಲ್ಲ.

ಇಷ್ಟು ಹೊತ್ತು ಸುತ್ತಾಡಿಸಿದೆ. ಹೇಳಬೇಕಾದದ್ದನ್ನು ಮೊದಲನೇ ಮಾತಲ್ಲೇ ಹೇಳುವ ವಿದ್ಯೆ ನನಗೆ ಕಾಗದದ ಮೇಲೆ ಬರುವುದಿಲ್ಲ.

ಹೋದ ಸೆಪ್ಟೆಂಬರಿನಲ್ಲಿ, ಸೀಸನ್ ಇನ್ನೂ ಮುಗಿದಿರಲಿಲ್ಲ, ಕಂಪನಿ ಕಾಮೆಂಟರಿಗೆ ಒಬ್ಬರೇ ಸಾಕು ಎಂದು ತೀರ್ಮಾನ ಮಾಡಿತು. ಆ ಒಬ್ಬರು ಸ್ಕಿಪ್ ಅಲ್ಲ. ಅಷ್ಟರಲ್ಲಿ ನಾನು ಸೌಂಡ್ ಬಿಟ್ಟು ಕಾರ್ಯಕ್ರಮದ ಉಸ್ತುವಾರಿಯ ಕುರ್ಚಿಗೆ ಬಂದಿದ್ದೆ, ಹಾಗಾಗಿ ಮೀಟಿಂಗಿನಲ್ಲಿ ಕೂರಿಸಿ ಹೇಳಿದರು. ನಾನು ವಾದ ಮಾಡಿದೆ. ಚೆನ್ನಾಗಿಯೇ ಮಾಡಿದೆ. ಆ ಮನುಷ್ಯನಿಗೆ ಆ ಮೈಕ್ ಬಿಟ್ಟರೆ ಬೇರೇನೂ ಇಲ್ಲ ಎಂದೆ. ಎಲ್ಲರೂ ಬಹಳ ದುಃಖದಿಂದ ಕೇಳಿಸಿಕೊಂಡು, ಆಗಲೇ ಆಗಿಹೋಗಿದೆ ಎಂದರು. ಎಚ್‌ಆರ್‌ನವರು ಸೋಮವಾರ ವಿಡಿಯೋ ಕಾಲ್ ಮಾಡುತ್ತಾರೆ, ನೀನು ಕ್ಯಾಮರಾ ಹಾಕಿಕೊಂಡು ಕೂತರೆ ಸಾಕು ಎಂದರು.

ಮನೆಗೆ ಬಂದು ಗಂಡನ ಮುಂದೆ ಕೂತು ಅತ್ತೆ.

“ನಿನಗ್ಯಾಕ ಬೇಕು ಈ ಉಸಾಬರಿ?” ಎಂದರು ಅವರು. “ಎಚ್‌ಆರ್‌ನವರು ಪಗಾರ ತಗೋತಾರಿಲ್ಲೋ, ಅವರ ಹೇಳಲಿ. ನಮ್ಮ ಆಫೀಸ್‌ನ್ಯಾಗೂ ಹಂಗ ಮಾಡಿದ್ರು. ಲಿಂಕ್ ಕಳಸ್ತಾರ, ಹತ್ತು ಮಿನಿಟು, ಮುಗೀತು.”

“ಕಾಲ್ ನಡದಾಗ ಆಫೀಸಿನ ಬಾಗಲಾ ತಗಿಯೋ ಕಾರ್ಡ್ ಬಂದ್ ಮಾಡ್ತಾರರೀ. ಕಪಾಟಿನ್ಯಾಗ ಬ್ಯಾರೇದವರ ಅಂಗಿ ಇಟ್ಟಂಗ ಆಗಲಿಲ್ಲೇನು ಅದು?”

ಅವರು ಕೈಲಿದ್ದ ಫೋನ್ ಬದಿಗಿಟ್ಟರು. “ಹಂಗಾರ ನೀನ ಹೋಗು,” ಎಂದರು. “ನಾ ಕಾರ್ ಹೊಡೀತೀನಿ.”

ಭಾನುವಾರ ಬೆಳಿಗ್ಗೆಯೇ ಹೋದೆವು. ಮನೆಯವರು ಬೀದಿಯಲ್ಲೇ ಕಾರು ನಿಲ್ಲಿಸಿಕೊಂಡು ಕೂತರು. ವುಡ್‌ಬ್ರಿಡ್ಜ್‌ನ ಆ ಇಟಾಲಿಯನ್ ಮನೆಗಳಲ್ಲಿ ಗರಾಜಿನಲ್ಲಿ ಕಾರು ಇರುವುದಿಲ್ಲ, ಇನ್ನೊಂದು ಅಡುಗೆಮನೆ ಇರುತ್ತದೆ. ಸೆಪ್ಟೆಂಬರ್ ಅಂದರೆ ಅವರಿಗೆ ವರ್ಷಕ್ಕಾಗುವಷ್ಟು ಟೊಮೆಟೊ ಗೊಜ್ಜು ಮಾಡಿ ಬಾಟಲಿಗೆ ತುಂಬುವ ಕಾಲ. ಗರಾಜಿನ ಬಾಗಿಲು ಮೇಲೆದ್ದಿತ್ತು. ಸ್ಕಿಪ್ ಏಪ್ರನ್ ಕಟ್ಟಿಕೊಂಡು ದೊಡ್ಡ ಪಾತ್ರೆಯಲ್ಲಿ ಕೈಯಾಡಿಸುತ್ತಿದ್ದರು. ಮೊಳಕೈವರೆಗೂ ಕೆಂಪು. ತಂಗಿ ನನ್ನನ್ನು ನೋಡಿ ನಕ್ಕು, ಕಾಫಿ ತರುತ್ತೇನೆಂದು ಒಳಗೆ ಹೋದರು.

ದಾರಿಯುದ್ದಕ್ಕೂ ಬಾಯಿಪಾಠ ಮಾಡಿದ್ದೆಲ್ಲ ಮರೆತುಹೋಯಿತು. “ಎಷ್ಟು ಟೊಮೆಟೊ ಈ ವರ್ಷ!” ಎಂದೆ. “ಚಳಿ ಬೇಗ ಬರುತ್ತೆ ಅಂತ ಕಾಣುತ್ತೆ” ಎಂದೆ. ಇನ್ನೂ ಏನೇನೋ ಅಂದೆ. ಅವರು ಒಲೆ ಆರಿಸಿದರು. ನಲ್ಲಿಯ ಕೆಳಗೆ ಕೈ ತೊಳೆದುಕೊಂಡು, ಏಪ್ರನ್ನಿಗೆ ಒರೆಸಿಕೊಂಡು, ಮೂಲೆಯಲ್ಲಿದ್ದ ಎರಡು ಪ್ಲಾಸ್ಟಿಕ್ ಕುರ್ಚಿಗಳನ್ನು ತಂದರು. ಬೀದಿಯ ಕಡೆ ಮುಖ ಮಾಡಿ, ಅಕ್ಕಪಕ್ಕ ಇಟ್ಟರು. ಒಂದರಲ್ಲಿ ತಾವು ಕೂತು ಇನ್ನೊಂದನ್ನು ತಟ್ಟಿದರು.

“ಕೂತುಕೋ, ಕಿಡ್. ಉಸಿರು ತಗೋ. ಈಗ ಹೇಳು.”

“ನಮ್ಮ ಕಂಪನಿಯವರು...”

“ಕಂಪನಿಯವರು ಬೇಡ. ಇಲ್ಲಿ ಬಂದಿರೋದು ನೀನು.”

ಎದುರು ಬೀದಿಯಲ್ಲಿ ನಮ್ಮ ಕಾರು, ಕಾರಿನಲ್ಲಿ ನನ್ನ ಗಂಡ ಸ್ಟೀರಿಂಗ್ ಮೇಲೆ ಕೈಯಿಟ್ಟುಕೊಂಡು ಬೇರೆ ಕಡೆ ನೋಡುತ್ತಿದ್ದರು. “ಸ್ಕಿಪ್, ನಿಮ್ಮನ್ನು ತೆಗೆಯುತ್ತಿದ್ದೇನೆ,” ಎಂದೆ. “ನಾಳೆಯಿಂದ ನೀವು ಬರಬೇಕಾಗಿಲ್ಲ.”

“ಮತ್ತೆ ಕರೆಯೋ ಸಂಭವ ಇದೆಯಾ?”

ಇದೆ ಎನ್ನಬೇಕೆನಿಸಿತು. ನಾಲಿಗೆಯ ತುದಿಗೆ ಬಂದಿತ್ತು. “ಇಲ್ಲ,” ಎಂದೆ.

ಅವರು ತಲೆಯಾಡಿಸಿದರು, ಎಷ್ಟೋ ಸಲ. ಬೀದಿಯಲ್ಲಿ ಯಾರೋ ನಾಯಿ ಹಿಡಿದುಕೊಂಡು ಹೋದರು, ಅವರಿಗೆ ಕೈ ಎತ್ತಿದರು. ಆಮೇಲೆ ನನ್ನ ಮೊಣಕೈ ಮೇಲೆ ಕೈಯಿಟ್ಟು, “ಚೆನ್ನಾಗಿ ಹೇಳಿದೆ,” ಎಂದರು. “ಬಹಳ ಚೆನ್ನಾಗಿ ಹೇಳಿದೆ, ಕಿಡ್.” ಕೆಲಸ ಹೋದದ್ದು ಅವರದ್ದು, ಸಮಾಧಾನ ಮಾಡಿಸಿಕೊಂಡದ್ದು ನಾನು. ಅವರು ಏಳುವವರೆಗೆ ನಾನು ಏಳಲಿಲ್ಲ. ಎಷ್ಟು ಹೊತ್ತು ಕೂತಿದ್ದೆವೋ ಗೊತ್ತಿಲ್ಲ, ತಂಗಿ ತಂದಿಟ್ಟ ಕಾಫಿ ಆರಿ ತಣ್ಣಗಾಗಿತ್ತು. ಕೊನೆಗೆ ಅವರೇ ಎದ್ದು ಒಲೆ ಹಚ್ಚಿದರು.

ನನಗೆ ಆ ದಿನ ದುಃಖದ ಜೊತೆಗೆ ಒಂದು ತೃಪ್ತಿಯೂ ಇತ್ತು, ಸುಳ್ಳು ಯಾಕೆ ಹೇಳಲಿ. ಕಸದ ಚೀಲದಲ್ಲಿ ಬೂಟು ಕಟ್ಟಿಕೊಡಲಿಲ್ಲ ನಾನು. ಮನುಷ್ಯನಿಗೆ ಮನುಷ್ಯಳ ಹಾಗೆ ಹೇಳಿ ಬಂದೆ.

ಸುದ್ದಿ ಹೊರಬಿದ್ದ ಮೇಲೆ ಮಾಲ್ಟನ್ನಿನ ಪಾಜಿ ಉರಿದುಬಿದ್ದ. ಸ್ಟೇಶನ್ನಿಗೆ ಫೋನ್ ಮೇಲೆ ಫೋನ್. ಟ್ರಕ್ಕಿನವರು, ಟ್ಯಾಕ್ಸಿಯವರು, ಗೋದಾಮಿನಲ್ಲಿ ಕೆಲಸ ಮಾಡುವವರು, ರೇಡಿಯೋ ಬಿಟ್ಟರೆ ಗತಿಯಿಲ್ಲದ ಎಲ್ಲರನ್ನೂ ಸೇರಿಸಿ ಕಂಪನಿಗೆ ಬರೆಸುತ್ತೇನೆ ಎಂದ. ಬರೆಸಿದ್ದರೆ ಮೇಲಿನವರು ಬಗ್ಗುತ್ತಿದ್ದರು, ಬಗ್ಗಿದ್ದನ್ನು ನಾನು ನೋಡಿದ್ದೇನೆ. ನಾನು ಒಳಗೊಳಗೇ ಖುಷಿಪಟ್ಟು ಅವನಿಗೆ ಸ್ಕಿಪ್ಪರ ನಂಬರ್ ಕೊಟ್ಟೆ. ಮಾರನೆಯ ದಿನ ಪಾಜಿ ಫೋನ್ ಮಾಡಿದ. ಧ್ವನಿ ಇಳಿದಿತ್ತು. “ಬೇಡ ಅಂದರು, ಮೇಡಂ. ನನಗೆ ಸರಿಯಾಗಿ ಹೇಳಿದ್ದಾರೆ, ಯಾರ ಮೇಲೂ ದೂರಿಲ್ಲ ಅಂದರು.”

ಚಳಿಗಾಲದಲ್ಲಿ ಇಂಟರ್‌ನೆಟ್ಟಿನಲ್ಲಿ ಕಾರ್ಯಕ್ರಮ ಮಾಡುವ ಕೆಲವು ಹುಡುಗರು ಅವರನ್ನು ಕರೆದರು. ಕೇಳಿಕೊಂಡರು ಎಂದೇ ಹೇಳಬೇಕು. ನಾನೇ ವುಡ್‌ಬ್ರಿಡ್ಜ್‌ಗೆ ಹೋಗಿ, “ಒಪ್ಪಿಕೊಳ್ಳಿ ಸ್ಕಿಪ್, ಒಂದು ಮೈಕು, ನಾಲ್ಕು ಜನ ಕೇಳುವವರು, ನಿಮಗೆ ಇನ್ನೇನು ಬೇಕು?” ಎಂದು ಜಗಳವಾಡಿದೆ. ಅವರು ಮೆತ್ತಗಾಗಿದ್ದರು. ಗಡ್ಡ ಬಿಟ್ಟಿದ್ದರು. “ಹೇಳಿ ಆಯ್ತಲ್ಲ, ಕಿಡ್,” ಎಂದರು. “ಹುಡುಗರಿಗೆ ನಾನು ಹೇಳ್ತಾ ಇದ್ದೆ, ಬಿಟ್ಟ ಮೇಲೆ ಗೇಟಿನ ಹತ್ತಿರ ನಿಲ್ಲಬೇಡಿ ಅಂತ. ಈಗ ನಾನು ನಿಲ್ಲೋದಾ?” ಮುಂದೆ ಬಟ್ಟಲಲ್ಲಿ ಸೂರ್ಯಕಾಂತಿ ಬೀಜ ಇತ್ತು, ಮುಟ್ಟಿರಲಿಲ್ಲ. ಹಿಂದಿರುಗುವಾಗ ತಂಗಿ ಬಾಗಿಲ ತನಕ ಬಂದು ಪಿಸುಗುಟ್ಟಿದರು, “ಸಿಟ್ಟಾದರೂ ಮಾಡಿಕೊಳ್ಳಬಾರದಾ ಇವನು? ಒಂದು ಪ್ಲೇಟಾದರೂ ಒಡೆಯಬಾರದಾ?”

ಏಪ್ರಿಲ್‌ನಲ್ಲಿ ಹೊಸ ಸೀಸನ್ ಶುರುವಾಯಿತು. ಅವರು ಟೀವಿ ಹಾಕಲಿಲ್ಲವಂತೆ. ಮೇ ತಿಂಗಳಲ್ಲಿ ಒಂದು ಮಧ್ಯಾಹ್ನ, ಟೊಮೆಟೊ ಸಸಿಗಳಿಗೆ ಕೋಲು ಕಟ್ಟುತ್ತೇನೆಂದು ಹಿತ್ತಲಿಗೆ ಹೋದವರು ಅಲ್ಲೇ ಕೂತರು, ಏಳಲಿಲ್ಲ. ಡಾಕ್ಟರು ಹೃದಯ ಎಂದರು.

ಅಂತ್ಯಕ್ರಿಯೆಯ ಹಿಂದಿನ ದಿನ ಅವರನ್ನು ನೋಡಲು ಜನ ಬಂದರು. ನಾನು ಶವಪೆಟ್ಟಿಗೆಯ ಹತ್ತಿರ ಬಹಳ ಹೊತ್ತು ನಿಲ್ಲಲಾರದೆ ಕೆಳಗಿನ ಕೋಣೆಗೆ ಬಂದು ಕೂತೆ. ಅಲ್ಲಿ ಕಾಫಿ ಇಟ್ಟಿದ್ದರು. ದೊಡ್ಡ ಕೈಗಳ, ಬಿಸಿಲಿಗೆ ಮುಖ ಕೆಂಪಾದ ಒಬ್ಬ ಮನುಷ್ಯ ಪಕ್ಕದ ಕುರ್ಚಿಗೆ ಬಂದು, ಕೂರಬಹುದೇ ಎಂದು ಕೇಳಿ ಕೂತ. ಐವತ್ತರ ಹತ್ತಿರ ಇರಬೇಕು. ಗಡಿಯಾಚೆಯಿಂದ ಒಬ್ಬನೇ ಗಾಡಿ ಓಡಿಸಿಕೊಂಡು ಬಂದಿದ್ದ. ಸ್ಕಿಪ್ಪರ ಕೈಕೆಳಗೆ ಆಡಿದವನು. ಎಡಗೈ ಬೌಲರ್. ಅವನನ್ನು ಮನೆಗೆ ಕಳಿಸಿದ್ದೂ ಅವರೇ.

“ಅಪ್ಪನಿಗಿಂತ ಹೆಚ್ಚು ನನಗೆ,” ಎಂದ. “ಇಲ್ಲದಿದ್ದರೆ ಇಷ್ಟು ದೂರ ಬರ್ತಿದ್ನಾ? ಆ ಬೆಳಿಗ್ಗೆ ನನ್ನ ಪಕ್ಕದಲ್ಲಿ ಕೂತು ಹೇಳಿದರು. ಅಮ್ಮನಿಗೆ ಫೋನ್ ಮಾಡಿದರು. ಬಸ್ಸು ಹತ್ತಿಸಿದರು. ಬಸ್ಸಲ್ಲಿ ನನಗೆ ಅಳು ಬಂತು, ಆದರೆ ಸಿಟ್ಟು ಬರಲೇ ಇಲ್ಲ. ಇಷ್ಟು ಒಳ್ಳೆಯ ಮನುಷ್ಯ ಇಷ್ಟು ಚೆನ್ನಾಗಿ ಹೇಳ್ತಾ ಇದ್ದಾರೆ ಅಂದರೆ ನಿಜವೇ ಇರಬೇಕು ಅಂದುಕೊಂಡೆ. ಅಮ್ಮ ಊಟ ಹಾಕಿದಳು. ಸೋದರಮಾವನ ಜೊತೆ ಛಾವಣಿ ರಿಪೇರಿ ಕೆಲಸಕ್ಕೆ ಹೋದೆ. ಆಮೇಲೆ ಚೆಂಡು ಮುಟ್ಟಲಿಲ್ಲ.”

ಅವನ ರೂಮಿನಲ್ಲಿದ್ದ ಇನ್ನೊಬ್ಬನನ್ನು ಮರುವರ್ಷ ಬೇರೆ ತಂಡದವರು ತೆಗೆದರಂತೆ. ಬಾಗಿಲಿಗೆ ಒಂದು ಚೀಟಿ ಅಂಟಿಸಿದ್ದರಂತೆ, ಅಷ್ಟೇ. ಅವನು ಬಾಗಿಲನ್ನೇ ಒದ್ದು ಮುರಿದ. ಬೈದುಕೊಂಡು, ಸಿಕ್ಕಸಿಕ್ಕ ತಂಡಕ್ಕೆಲ್ಲ ಫೋನ್ ಮಾಡಿದ. ಯಾರೋ ಕರೆದರು. ಆಮೇಲೆ ಬಹಳ ವರ್ಷ ಆಡಿದ, ಟೀವಿಯಲ್ಲಿ ಬಂದ.

“ನನಗಿಂತ ಒಳ್ಳೆಯ ಆಟಗಾರ ಏನಲ್ಲ ಅವನು,” ಎಂದ ಈ ಮನುಷ್ಯ, ಲೋಟದೊಳಗೆ ನೋಡುತ್ತ. “ಕೆಲವು ಸಲ ಛಾವಣಿ ಮೇಲೆ ಕೂತಾಗ ಅನಿಸುತ್ತೆ, ಸ್ಕಿಪ್ ನನ್ನ ಸಾಮಾನೆಲ್ಲ ಬೀದಿಗೆ ಎಸೆದಿದ್ದರೆ ಏನಾಗ್ತಿತ್ತೋ ಅಂತ.”

ನನಗೆ ಎದ್ದು ಹೋಗಬೇಕೆನಿಸಿತು, ಏಳಲಾಗಲಿಲ್ಲ.

“ಇವರನ್ನೂ ರೇಡಿಯೋದವರು ತೆಗೆದರಂತಲ್ಲ,” ಎಂದ. “ಯಾರು ಹೇಳಿದ್ದು ಇವರಿಗೆ?”

“ನಾನು.”

“ಫೋನಿನಲ್ಲಾ?”

“ಇಲ್ಲ. ಮನೆಗೆ ಹೋಗಿ. ಬೆಳಿಗ್ಗೆ. ಪಕ್ಕದಲ್ಲಿ ಕೂತು.”

ಅವನು ತಲೆ ಎತ್ತಿ ಮೊದಲ ಸಲ ನನ್ನನ್ನು ಸರಿಯಾಗಿ ನೋಡಿದ.

“ಏನಂದರು?”

“ಬಹಳ ಚೆನ್ನಾಗಿ ಹೇಳಿದೆ ಅಂದರು.”

ಅವನು ಲೋಟವನ್ನು ಕೆಳಗಿಟ್ಟು, ಆ ದೊಡ್ಡ ಕೈಗಳಿಂದ ಮುಖ ಮುಚ್ಚಿಕೊಂಡ.

“ಹೌದು,” ಎಂದ. “ಆ ಬೆಳಿಗ್ಗೆ ನಾನೂ ಅವರಿಗೆ ಅದನ್ನೇ ಅಂದಿದ್ದೆ.”